ಆರರ ಮೇಲೊಂದು

ಭಾಗ್ಯಶ್ರೀ ಮೇಡಂ ಏಳು ಅನ್ನುವುದಿಲ್ಲ. ಸಿಕಂದರಾಬಾದಿನ ಆ ಶಾಲೆಯಲ್ಲಿ ಮೂರನೇ ತರಗತಿಯ ಮಕ್ಕಳಿಗೂ ಇದು ಗೊತ್ತು. ವಾರ್ಷಿಕೋತ್ಸವಕ್ಕೆ ಕುಣಿತ ಕಲಿಸಲು ಬರುವ ಈ ಹೆಂಗಸು ಎಡ ಮಂಡಿಗೆ ಕಂದು ಪಟ್ಟಿ ಬಿಗಿದುಕೊಂಡು, ಕೈ ತಟ್ಟುತ್ತ, "ಫೈವ್, ಸಿಕ್ಸ್, ಸಿಕ್ಸ್ ಪ್ಲಸ್ ಒನ್, ಎಯ್ಟ್" ಎಂದು ಎಣಿಸುತ್ತಾಳೆ. ಮಕ್ಕಳು ಬಿದ್ದು ಬಿದ್ದು ನಗುತ್ತಾರೆ. ಮಕ್ಕಳ ಲೆಕ್ಕ ಯಾಕೆ ಕೆಡಿಸುತ್ತೀರಿ ಎಂದು ಗಣಿತದ ಮೇಷ್ಟ್ರು ಒಂದು ದಿನ ಸ್ಟಾಫ್ ರೂಮಿನಲ್ಲಿ ತಮಾಷೆ ಮಾಡಿದರು. ಅವಳು ಅರ್ಧ ಕುಡಿದ ಚಹಾ ಅಲ್ಲೇ ಇಟ್ಟು ಎದ್ದು ಹೋದಳು. ತಾನು ಅಂಥ ತಪ್ಪೇನು ಮಾತಾಡಿದೆ ಎಂದು ಆ ಬಡಪಾಯಿ ಮೇಷ್ಟ್ರಿಗೆ ಇಂದಿಗೂ ತಿಳಿದಿಲ್ಲ.

ತಿಳಿಯಬೇಕಾದರೆ ಹಿಮಾಯತ್‌ನಗರದ ಒಂದು ಅಪಾರ್ಟ್‌ಮೆಂಟಿನ ಮೆಟ್ಟಿಲ ಕೆಳಗಿನ ಕೋಣೆಗೆ ಹೋಗಬೇಕು.

ಅದನ್ನು ಕೋಣೆ ಅನ್ನುವುದು ದೊಡ್ಡ ಮಾತು. ಒಂದು ಕಡೆ ನಿಂತರೆ ತಲೆ ತಾಗುತ್ತಿತ್ತು, ಇನ್ನೊಂದು ಕಡೆ ನೀರಿನ ಮೋಟಾರು ಗುಂಯ್‌ಗುಡುತ್ತಿತ್ತು. ಭಾಗ್ಯಶ್ರೀಯ ಅಪ್ಪ ಲಿಂಗಣ್ಣ, ಅವ್ವ ಸುಗಲಮ್ಮ ಗುರುಮಠಕಲ್ ಕಡೆಯಿಂದ ಕೂಲಿಗೆ ಬಂದವರು. ಆ ಕಟ್ಟಡಕ್ಕೆ ಇಟ್ಟಿಗೆ ಹೊತ್ತವರೂ ಅವರೇ. ಕಟ್ಟಡ ಎದ್ದು ಮಾಲೀಕರು ಬಂದ ಮೇಲೆ ವಾಚ್‌ಮನ್ ಕೆಲಸ ಲಿಂಗಣ್ಣನಿಗೆ ಸಿಕ್ಕಿತು, ಜೊತೆಗೆ ಮೆಟ್ಟಿಲ ಕೆಳಗಿನ ಈ ಜಾಗ. ಮಗಳು ಹುಟ್ಟಿದ್ದು, ಅಂಬೆಗಾಲಿಟ್ಟಿದ್ದು, ಮೊದಲ ಸಲ ಕುಣಿದದ್ದು ಎಲ್ಲ ಅಲ್ಲೇ ಕಾರು ನಿಲ್ಲಿಸುವ ಜಾಗದಲ್ಲಿ.

ಸುಗಲಮ್ಮನಿಗೆ ಒಂದು ಹಟವಿತ್ತು. ಬೇಗಂ ಬಜಾರಿನ ಅಂಗಡಿಯವನು ಯಂತ್ರದ ಮೇಲೆ ತೂಗಿ ಕೊಟ್ಟ ಜೋಳವನ್ನೂ ಮನೆಗೆ ತಂದು ಹಿತ್ತಾಳೆಯ ಸೇರಿನಲ್ಲಿ ಅಳೆದು ಡಬ್ಬಿಗೆ ತುಂಬಿದ ಮೇಲೆಯೇ ಅವಳಿಗೆ ಸಮಾಧಾನ. ಅಳೆಯುವಾಗ ಒಂದು ಅನ್ನುತ್ತಿರಲಿಲ್ಲ, ಲಾಭ ಅನ್ನುತ್ತಿದ್ದಳು. "ಲಾಭ, ಎರಡು, ಮೂರು, ನಾಕು, ಐದು, ಆರು, ಆರರ ಮ್ಯಾಲೊಂದು, ಎಂಟು." ಮಗಳು ಅರಿಯದೆ ಒಮ್ಮೆ ನಡುವೆ ಬಾಯಿ ಹಾಕಿ "ಏಳು" ಅಂದಾಗ ಸುಗಲಮ್ಮ ಅವಳ ಬಾಯಿಯ ಮೇಲೆ ಪಟ್ಟನೆ ಹೊಡೆದಿದ್ದಳು.

"ಕಾಳಿನ ಮುಂದ ಏಳು ಅನಬಾರದು. ಮನ್ಯಾಗ ಕುಂತ ಲಕ್ಷ್ಮಿಗೆ ಏಳು ಅಂದ್ರ ಏನಾತು? ಎದ್ದು ಹೋಗ್ತಾಳ."

ಲಕ್ಷ್ಮಿ ಆ ಮೆಟ್ಟಿಲ ಕೆಳಗೆ ಎಂದು ಬಂದು ಕುಳಿತಿದ್ದಳೋ ದೇವರೇ ಬಲ್ಲ. ಆದರೆ ಅವ್ವನ ಆ ಎಣಿಕೆ ಮಗಳ ಮೈಗೆ ಹತ್ತಿಬಿಟ್ಟಿತು. ಪಕ್ಕದ ರಸ್ತೆಯಲ್ಲಿ ಒಂದು ಡಾನ್ಸ್ ಕ್ಲಾಸಿತ್ತು. ಅಲ್ಲಿ ಕಸ ಗುಡಿಸುವ ಕೆಲಸಕ್ಕೆ ಹೋಗುತ್ತಿದ್ದ ಹುಡುಗಿ ಕಿಟಕಿಯಲ್ಲಿ ನಿಂತು ನೋಡಿ ನೋಡಿ ಕಲಿತಳು. ಒಂದು ದಿನ ಮಾಸ್ಟರು ಕಂಡು, ಪೊರಕೆ ಅತ್ತ ಇಡಿಸಿ, ಹಿಂದಿನ ಸಾಲಿನಲ್ಲಿ ನಿಲ್ಲಿಸಿದರು. ಎಲ್ಲ ಹೆಜ್ಜೆಯೂ ಸರಿ, ಏಳನೆಯದು ಮಾತ್ರ ತಡ. ಮನಸ್ಸಿನೊಳಗೆ ಅವಳು "ಆರರ ಮ್ಯಾಲೊಂದು" ಅನ್ನುತ್ತಿದ್ದಳಲ್ಲ, ಅಷ್ಟುದ್ದದ ಮಾತು ಒಂದು ಪೆಟ್ಟಿಗೆ ಹಿಡಿಯಬೇಕೆಂದರೆ ಹೇಗೆ? ಮಾಸ್ಟರು ಬೆತ್ತದಿಂದ ನೆಲ ಕುಟ್ಟಿ, ಸೆವೆನ್ ಬಂದಾಗ ಎಲ್ಲಿ ನಿದ್ದೆ ಹೊಡೆಯುತ್ತೀಯ ಎಂದು ಬೈದರು. ಆವತ್ತಿನಿಂದ ಅವಳು ಅವ್ವನ ಎಣಿಕೆಯನ್ನು ಮನೆಯಲ್ಲೇ ಬಿಟ್ಟು, ಇಂಗ್ಲಿಷಿನಲ್ಲಿ ಎಣಿಸಲು ಕಲಿತಳು.

ಹತ್ತೊಂಬತ್ತು ತುಂಬಿದ ವರ್ಷ ಕಬಡ್ಡಿಗೆ ಯೋಗ ಬಂತು. ಹಳ್ಳಿಯ ಮಣ್ಣಿನಲ್ಲಿದ್ದ ಆಟ ಮ್ಯಾಟಿನ ಮೇಲೆ ಹತ್ತಿತು; ದೀಪ, ಹೊಗೆ, ಡಿಜೆ ಎಲ್ಲ ಸೇರಿ ಟಿವಿಗೆ ಬಂತು. ಇಷ್ಟೆಲ್ಲ ಬಂದ ಮೇಲೆ ಕುಣಿಯುವ ಹುಡುಗಿಯರೂ ಬೇಕಲ್ಲ. ನಗರದ ತಂಡಕ್ಕೆ ಚಿಯರ್ ಗರ್ಲ್‌ಗಳನ್ನು ಒದಗಿಸುತ್ತಿದ್ದ ಒಂದು ಇವೆಂಟ್ ಕಂಪನಿಯ ಮ್ಯಾನೇಜರ್ ಶಾಂತಕುಮಾರ, ಬೀದರದವನು, ಡಾನ್ಸ್ ಕ್ಲಾಸಿಗೆ ಬಂದು ನಾಲ್ವರನ್ನು ಆರಿಸಿದ. ಅವರಲ್ಲಿ ಭಾಗ್ಯಶ್ರೀಯೂ ಇದ್ದಳು. ಸ್ಟೇಡಿಯಮ್ಮಿನಲ್ಲಿ ಟಿಕೆಟ್ ಹರಿಯುವ ಕೆಲಸ ಎಂದು ಮನೆಯಲ್ಲಿ ಹೇಳಿದಳು.

ಕೋರ್ಟಿನ ಮೂಲೆಗಳಲ್ಲಿ ಪ್ಲೈವುಡ್ಡಿನ ಕಟ್ಟೆಗಳು. ನಮ್ಮವನು ಅಂಕ ತಂದರೆ ಹನ್ನೆರಡು ಸೆಕೆಂಡ್ ಹಾಡು, ಹನ್ನೆರಡು ಸೆಕೆಂಡ್ ಕುಣಿತ, ಮತ್ತೆ ಕೈ ಸೊಂಟದ ಮೇಲಿಟ್ಟು ನಗುತ್ತ ನಿಲ್ಲುವುದು. ತಂಡ ಇಪ್ಪತ್ತು ಅಂಕ ಹಿಂದಿದ್ದರೂ ಹಲ್ಲು ಕಾಣಬೇಕು. ಕಾಲಿಗಿಂತ ಮೊದಲು ಕೆನ್ನೆ ನೋಯುತ್ತಿತ್ತು. ಕ್ಯಾಮೆರಾ ಎದುರಿನ ಎರಡು ಕಟ್ಟೆ ಪರದೇಶದಿಂದ ಬಂದ ಹುಡುಗಿಯರಿಗೆ ಮೀಸಲು. ನಮ್ಮೂರ ಹುಡುಗಿಯರು ಹಿಂದಿನ ಮೂಲೆಗೆ, ಅದೂ ಮೈಬಣ್ಣಕ್ಕಿಂತ ಎರಡು ಪಟ್ಟು ಬೆಳ್ಳಗಿನ ಪೌಡರು ಬಳಿದುಕೊಂಡು. ಜನ ಆಡುತ್ತಿದ್ದ ಮಾತುಗಳನ್ನು ಇಲ್ಲಿ ಬರೆಯುವಂತಿಲ್ಲ. ತೆಲುಗು, ಹಿಂದಿ, ಕೆಲವೊಮ್ಮೆ ಅಚ್ಚ ಕನ್ನಡದಲ್ಲೂ ಬರುತ್ತಿದ್ದವು. ಮೂರು ಭಾಷೆ ಬರುವುದರಿಂದ ಅವಳಿಗಾದ ಲಾಭ ಇಷ್ಟೇ, ಮೂರರಲ್ಲೂ ಬೈಸಿಕೊಂಡದ್ದು ತಿಳಿಯುತ್ತಿತ್ತು.

ಆದರೂ ಅವಳಿಗೆ ಅದು ಬೇಕಿತ್ತು. ಸುಳ್ಳು ಯಾಕೆ ಹೇಳಬೇಕು? ಹಾಡು ಶುರುವಾದ ಕೂಡಲೇ ಮೆಟ್ಟಿಲ ಕೆಳಗಿನ ಕೋಣೆ, ಮೋಟಾರಿನ ಸದ್ದು, ತಲೆ ಬಗ್ಗಿಸಿ ನಡೆಯುವ ಅಭ್ಯಾಸ ಎಲ್ಲ ಮರೆತುಹೋಗಿ ಅವಳ ಮೈ ನೆಟ್ಟಗಾಗುತ್ತಿತ್ತು.

ಎರಡನೇ ಸೀಸನ್ನಿನಲ್ಲಿ ಗುಟ್ಟು ರಟ್ಟಾಯಿತು. ಎರಡನೇ ಮಹಡಿಯ ಗಿರಿಜಾಬಾಯಿ, ಕಲಬುರಗಿ ಕಡೆಯ ನಿವೃತ್ತ ಅಧಿಕಾರಿಯ ಹೆಂಡತಿ, ಟಿವಿ ನೋಡುತ್ತ ಕುಳಿತವರು ಗ್ಯಾಸ್ ಸಿಲಿಂಡರ್ ತಂದಿಟ್ಟ ಲಿಂಗಣ್ಣನನ್ನು ಕರೆದರು.

"ಲಿಂಗಣ್ಣ, ಇಲ್ಲಿ ಬಾ ನೋಡು. ಈಕಿ ನಿನ್ನ ಮಗಳಲ್ಲೇನೋ?"

ಲಿಂಗಣ್ಣ ನೋಡಿದ. ತೊಡೆ ಕಾಣುವ ಲಂಗ, ಬೆಳ್ಳಗೆ ಬಳಿದ ಮುಖ, ಕೈಯಲ್ಲಿ ಮಿಂಚುವ ಗೊಂಡೆ. ಮಗಳ ಎಡಗೆನ್ನೆಯ ಗುಳಿ ಅಪ್ಪನಿಗೆ ಗುರುತು ಸಿಗದೆ ಇರುತ್ತದೆಯೆ?

"ಅಲ್ಲರಿ ಬಾಯಾರ. ನಮ್ಮಕಿ ಟಿಕೀಟ ಹರೀತಾಳರಿ. ಈಕಿ ಯಾರೋ ಬ್ಯಾರೆ" ಎಂದು ಹೇಳಿ ಇಳಿದು ಬಂದ.

ಮಗಳನ್ನು ಬೈಯಲಿಲ್ಲ, ಹೊಡೆಯಲಿಲ್ಲ. ಸುಗಲಮ್ಮನ ಬಾಯಿಂದ ಭಾಗ್ಯಶ್ರೀಗೆ ಅದು ತಿಳಿಯಿತು. ಹೌದು, ನನ್ನ ಮಗಳೇ ಅಂದಿದ್ದರೆ ಸೊಸೈಟಿಯವರು ಏನನ್ನುತ್ತಿದ್ದರೋ, ಕೋಣೆ ಹೋಗುತ್ತಿತ್ತೋ ಏನೋ, ಪಾಪ, ಹೆದರಿ ಹೇಳಿದ್ದಾನೆ ಎಂದು ಅವ್ವ ಸಮಾಧಾನ ಮಾಡಿದಳು. ಭಾಗ್ಯಶ್ರೀ ಗೋಡೆಯ ಕಡೆ ತಿರುಗಿ ಮಲಗಿದಳು. ಹೊಡೆದಿದ್ದರೆ ಚೆನ್ನಾಗಿತ್ತು ಅನ್ನಿಸಿತು. ಕಣ್ಣೆದುರು ಕಂಡ ಮಗಳನ್ನು ಅಲ್ಲ ಅಂದದ್ದನ್ನು ಅವಳು ಅಪ್ಪ ಸಾಯುವ ತನಕ ಮರೆಯಲಿಲ್ಲ, ಸತ್ತ ಮೇಲೂ ಮರೆಯಲಿಲ್ಲ.

ಒಟ್ಟು ಆರು ಸೀಸನ್ ಕುಣಿದಳು. ಒಂದು ಸಲ ಪರದೇಶದ ಕೊರಿಯೋಗ್ರಾಫರ್ ವಿಮಾನ ತಪ್ಪಿಸಿಕೊಂಡಾಗ ಇವಳೇ ಒಂದು ಬೆಳಿಗ್ಗೆಯಲ್ಲಿ ಎಂಟು ಜನರಿಗೆ ಹೊಸ ಕುಣಿತ ಕಟ್ಟಿ ಕಲಿಸಿದಳು. ಅದೇ ಇಡೀ ಸೀಸನ್ ನಡೆಯಿತು, ಹೆಸರು ಮಾತ್ರ ಆ ಪರದೇಶದವಳದೇ. ಹುಡುಗಿಯರ ಹೆಸರು ಎಲ್ಲಿಯೂ ಅಚ್ಚಾಗುತ್ತಿರಲಿಲ್ಲ. ಶಾಂತಕುಮಾರನ ಕಾಗದದಲ್ಲಿ ಅವಳು "ಎಡಗಡೆ, ಹಿಂದಿನವಳು" ಅಷ್ಟೇ. ಪ್ಲೈವುಡ್ಡಿನ ಮೇಲೆ ಹಾರಿ ಹಾರಿ ಎಡ ಮಂಡಿ ಸವೆಯಿತು. ಆಮೇಲೆ ಕೊರೋನಾ ಬಂತು, ಆಟ ನಿಂತಿತು. ಎರಡನೇ ಅಲೆಯಲ್ಲಿ ಲಿಂಗಣ್ಣ ಹೋದ. ವಾಚ್‌ಮನ್ನೇ ಇಲ್ಲದ ಮೇಲೆ ವಾಚ್‌ಮನ್ ಕೋಣೆ ಯಾರಿಗೆ? ಅವ್ವ, ಮಗಳು, ಹಿತ್ತಾಳೆಯ ಸೇರು ಮೂವರೂ ಮುಶೀರಾಬಾದಿನ ಒಂದು ಗಲ್ಲಿಗೆ ಬಂದರು. ಆಟ ಮತ್ತೆ ಶುರುವಾದಾಗ ಶಾಂತಕುಮಾರ ಇವಳ ಮುಖ ನೋಡಿ, "ಮುಖದಾಗ ದಣಿವು ಕಾಣಾಕತ್ತೈತಿ, ಭಾಗ್ಯಾ" ಅಂದ. ಇಪ್ಪತ್ತಾರು ವರ್ಷಕ್ಕೆ ಅವಳ ಆ ಬದುಕು ಮುಗಿಯಿತು.

ಆಮೇಲಿನ ನಾಲ್ಕು ವರ್ಷ ಮದುವೆ ಮನೆಗಳ ಸಂಗೀತ್ ಕಾರ್ಯಕ್ರಮ. ನಡುಬಳುಕದ ಚಿಕ್ಕಪ್ಪಂದಿರಿಗೆ, ಕುಣಿಯಲೊಲ್ಲದ ಅತ್ತೆಯರಿಗೆ ಹೆಜ್ಜೆ ಕಲಿಸುವುದು. ಹೆಜ್ಜೆ ಇವಳದು, ವೇದಿಕೆಯ ಮೇಲೆ ಹೂಗುಚ್ಛ ತೆಗೆದುಕೊಳ್ಳುವವನು ಬೇರೆಯವನು. ನೋಡಲು ಬಂದ ಎರಡು ಸಂಬಂಧಗಳೂ "ಮೊದಲು ಏನು ಮಾಡುತ್ತಿದ್ದಳು" ಎಂಬ ಪ್ರಶ್ನೆಗೆ ಉತ್ತರ ಸಿಕ್ಕ ಕೂಡಲೇ ಚಹಾ ಕುಡಿದು ಎದ್ದು ಹೋದವು. ಸುಗಲಮ್ಮನಿಗೆ ಕಣ್ಣು ಮಂಜಾಗತೊಡಗಿತ್ತು. ಮಂಡಿ ಹೀಗೇ ಇದ್ದರೆ ಇನ್ನೆಷ್ಟು ದಿನ ಎಂದು ಭಾಗ್ಯಶ್ರೀ ಬಸ್ಸಿನಲ್ಲಿ ಕುಳಿತಾಗಲೆಲ್ಲ ಯೋಚಿಸುತ್ತಿದ್ದಳು, ಇಳಿಯುವ ಸ್ಟಾಪು ಬರುತ್ತಿತ್ತೇ ಹೊರತು ಯೋಚನೆ ಮುಗಿಯುತ್ತಿರಲಿಲ್ಲ.

ಹೋದ ವರ್ಷ ಶಾಂತಕುಮಾರನ ಫೋನು ಬಂತು.

"ಈ ಸಲ ಹೊರಗಿನ ಹುಡುಗ್ಯಾರು ಬ್ಯಾಡ ಅಂತ ಹೇಳ್ಯಾರ. ಎಲ್ಲಾ ಲೋಕಲ್. ನೀನೇ ಟೀಮ್ ಕಟ್ಟು, ನೀನೇ ಕಲಿಸು. ಟ್ರಯಲ್‌ದಾಗ ಪಾಸಾದ್ರ ಸೀಸನ್ ಪೂರಾ ನಿಂದು. ತಂಡದವರು ಸೀಸನ್ನಿಗೆ ಒಂದು ಪುಸ್ತಕ ಅಚ್ಚು ಹಾಕಸ್ತಾರಲ್ಲ, ಅದರಾಗ ಹೆಸರೂ ಬರ್ತೈತಿ."

"ಯಾರ ಹೆಸರ್ರಿ?"

"ಮತ್ತ ಯಾರದು? ನಿಂದು. ಕೊರಿಯೋಗ್ರಾಫರ್ ಅಂತ."

ಅವಳು ಫೋನು ಇಟ್ಟು ಅಳಲಿಲ್ಲ, ನಗಲಿಲ್ಲ. ಮಂಡಿಗೆ ಎಣ್ಣೆ ತಿಕ್ಕುತ್ತ ಕುಳಿತಳು. ಇದು ಹೋದರೆ ಮತ್ತೊಂದು ಬರುವುದಿಲ್ಲ ಎಂದು ಅವಳಿಗೆ ಚೆನ್ನಾಗಿ ಗೊತ್ತಿತ್ತು.

ಹತ್ತು ಹುಡುಗಿಯರನ್ನು ಹುಡುಕಿದಳು. ಒಂಬತ್ತು ಜನ ಸಿಕಂದರಾಬಾದು, ಅಂಬರಪೇಟೆ ಕಡೆಯ ತೆಲುಗು, ಹಿಂದಿ ಹುಡುಗಿಯರು. ಹತ್ತನೆಯವಳು ಗುರುದೇವಿ. ಕೋಕಾಪೇಟೆಯಲ್ಲಿ ಏಳುತ್ತಿದ್ದ ಗೋಪುರದಂಥ ಕಟ್ಟಡಗಳ ಬುಡದಲ್ಲಿ ತಗಡಿನ ಶೆಡ್ಡುಗಳಿವೆ. ಅಲ್ಲಿರುವವರೆಲ್ಲ ಯಾದಗಿರಿ, ರಾಯಚೂರು ಕಡೆಯ ಕೂಲಿಯವರು. ದೂರದ ಸಂಬಂಧಿಯೊಬ್ಬರನ್ನು ನೋಡಲು ಹೋದಾಗ ಭಾಗ್ಯಶ್ರೀ ಅವಳನ್ನು ಕಂಡಳು. ಸ್ಲ್ಯಾಬ್ ಹಾಕುತ್ತಿದ್ದರು. ಹೆಂಗಸರು ಏಣಿಯುದ್ದಕ್ಕೂ ಸಾಲುಗಟ್ಟಿ ನಿಂತು ಕಾಂಕ್ರೀಟಿನ ಬುಟ್ಟಿಗಳನ್ನು ಕೈಯಿಂದ ಕೈಗೆ ಸಾಗಿಸುತ್ತಿದ್ದರು. ಆ ಸಾಲಿನಲ್ಲಿ ಒಬ್ಬಳು ಬುಟ್ಟಿ ಹಿಡಿಯುವುದನ್ನು ನೋಡಿದರೆ ಸಾಕು, ಕಣ್ಣು ಅಲ್ಲೇ ನಿಲ್ಲುತ್ತಿತ್ತು. ಹದಿನೆಂಟರ ಹುಡುಗಿ, ಅಗಲವಾದ ಭುಜ, ಒಂದು ಹನಿ ಚೆಲ್ಲುತ್ತಿರಲಿಲ್ಲ.

ಅವಳ ತಾಯಿ ಗುರುಬಾಯಿ ಮೊದಲು ಒಪ್ಪಲಿಲ್ಲ. "ಕುಣಿಯಾಕ ಕಳಸಬೇಕೇನು? ಮಂದಿ ಏನಂದಾರು?"

"ಕುಣಿಯೋದು ಅಲ್ಲ ಅಕ್ಕಾ, ಹೊರೋದು. ಗೋಪುರದ ತಳದಾಗ ನಿಂದ್ರತಾಳ. ಮ್ಯಾಲಿನವರನ್ನ ಹೊರತಾಳ. ನಿನ್ನ ಮಗಳು ಅಂದ್ರ ನನ್ನ ಮಗಳು, ನಾ ನೋಡಕೋತೀನಿ" ಎಂದು ಭಾಗ್ಯಶ್ರೀ ಕೈ ಹಿಡಿದು ಮಾತು ಕೊಟ್ಟಳು.

ಕಾರ್ಯಕ್ರಮದ ಕಳಸವೇ ಆ ಗೋಪುರ. ಕೆಳಗೆ ಮೂವರು ಅಂಗೈ, ಮಂಡಿ ಊರಿ ಬಾಗಬೇಕು, ನಡುವೆ ಗುರುದೇವಿ. ಅವರ ಬೆನ್ನ ಮೇಲೆ ಇಬ್ಬರು ಮಂಡಿಯೂರಬೇಕು. ಅವರ ಹೆಗಲ ಮೇಲೆ ಸಿಕಂದರಾಬಾದಿನ ರೇಣುಕಾ, ಹೂವಿನಂಥ ಹಗುರ ಹುಡುಗಿ, ಎದ್ದು ನಿಂತು ಕೈ ಎತ್ತಬೇಕು. ಎಂಟಕ್ಕೆ ಅವಳು ಮುಂದಕ್ಕೆ ಜಿಗಿಯುತ್ತಾಳೆ, ಮುಂದೆ ನೆಲದ ಮೇಲೆ ನಿಂತ ಇಬ್ಬರು ಹಿಡಿಯುತ್ತಾರೆ. ಅವಳು ಇಳಿಯುವ ತನಕ ಕೆಳಗಿನವರು ಉಸಿರೂ ಜೋರಾಗಿ ಬಿಡುವಂತಿಲ್ಲ. ಎಣಿಕೆಯೆಲ್ಲ ಹಾಡಿನೊಳಗೇ ಇಂಗ್ಲಿಷಿನಲ್ಲಿ ರೆಕಾರ್ಡಾಗಿತ್ತು. ಇಂಗ್ಲಿಷ್ ಬಾರದ ಗುರುದೇವಿಗೂ ಒಂದು ತಿಂಗಳಲ್ಲಿ ಅದು ಬಾಯಿಪಾಠವಾಯಿತು. ಅಭ್ಯಾಸದ ನೂರು ಸಲದಲ್ಲಿ ಒಂದು ಸಲವೂ ಅವಳ ಬೆನ್ನು ಅಲುಗಿರಲಿಲ್ಲ.

ಟ್ರಯಲ್ಲಿನ ದಿನ ಕಬಡ್ಡಿ ತಂಡದ ಕಡೆಯವರು ಐದು ಜನ ಕುರ್ಚಿ ಹಾಕಿಕೊಂಡು ಕುಳಿತಿದ್ದರು. ಎಲ್ಲ ಸರಿಯಾಗಿಯೇ ನಡೆಯಿತು. ಕೊನೆಯ ಗೋಪುರ ಎದ್ದಿತು. ರೇಣುಕಾ ಮೇಲೆ ನಿಂತು ಕೈ ಎತ್ತಿದಳು. ಆಗ ಹಾಡು ನಿಂತುಹೋಯಿತು. ಯಾವ ವೈರು ಕಿತ್ತುಬಂತೋ, ಸ್ಪೀಕರು ಗೊರ್ ಎಂದು ಸುಮ್ಮನಾಯಿತು. ಶಾಂತಕುಮಾರ ಬೈಯುತ್ತ ಹೊರಗೆ ಓಡಿದ. ಮೇಲೆ ನಿಂತ ಹುಡುಗಿಯ ಕಾಲುಗಳು ನಡುಗತೊಡಗಿದವು. ಕುರ್ಚಿಯಲ್ಲಿದ್ದ ಒಬ್ಬ ಕೈಗಡಿಯಾರ ನೋಡಿಕೊಂಡ.

ಭಾಗ್ಯಶ್ರೀ ಗೋಪುರದ ಮುಂದೆ ಬಂದಳು. ಎಣಿಸಬೇಕು, ತಾನೇ ಎಣಿಸಿ ಇಳಿಸಬೇಕು. ಆದರೆ ಹನ್ನೆರಡು ವರ್ಷ ಉಸಿರಿನಂತೆ ಬರುತ್ತಿದ್ದ ಇಂಗ್ಲಿಷ್ ಆ ಗಳಿಗೆಯಲ್ಲಿ ಕೈಕೊಟ್ಟಿತು. ಹೆದರಿದವರ ನಾಲಿಗೆ ಸೀದಾ ಮನೆಗೆ ಓಡುತ್ತದೆ. ಓಡಿದ್ದು ಓಡಿತು, ಅವ್ವನ ಎಣಿಕೆಗಾದರೂ ಓಡಬಾರದಿತ್ತೆ! ಕೈ ತಟ್ಟುತ್ತ ಅವಳು ಗಂಟಲು ಹರಿಯುವಂತೆ ಕೂಗಿದಳು.

"ಐದು! ಆರು! ಏಳು!"

ಕನ್ನಡ ಬಾರದ ತೆಲುಗು, ಹಿಂದಿ ಹುಡುಗಿಯರು ಕೈ ತಟ್ಟಿದ ಪೆಟ್ಟು ಕೇಳಿ ಎಂಟಕ್ಕೆ ಕಾದರು. ಗುರುದೇವಿ ಎದ್ದಳು. ಅಕ್ಕ ಏಳು ಅಂದಳು, ಎದ್ದಳು. ಹುಟ್ಟಿದಾಗಿನಿಂದ ಅವ್ವ, ಅಪ್ಪ, ಮೇಸ್ತ್ರಿ ಯಾರು ಏಳು ಅಂದರೂ ಎದ್ದ ಹುಡುಗಿ ಅದು, ಆ ಕೂಗಿಗೆ ಮೈ ಕೇಳದೆ ಇರುತ್ತದೆಯೆ? ನಡುವಿನ ಬೆನ್ನು ಎದ್ದ ಕೂಡಲೇ ಮೇಲಿನ ಇಬ್ಬರು ಎರಡು ಕಡೆ ಉರುಳಿದರು. ರೇಣುಕಾ ಹಿಂದಕ್ಕೆ, ಯಾರೂ ಹಿಡಿಯಲು ಇಲ್ಲದ ಕಡೆಗೆ ಬಿದ್ದಳು. ಮೊಣಕೈ ಮುರಿದ ಸದ್ದು ಎಲ್ಲರಿಗೂ ಕೇಳಿಸಿತು.

ಆಸ್ಪತ್ರೆಯ ಕಾರಿಡಾರಿನಲ್ಲಿ ಶಾಂತಕುಮಾರ ಒಂದು ಕಾಗದ ಹಿಡಿದು ನಿಂತಿದ್ದ. ಒಳಗೆ ರೇಣುಕಾಳ ಕೈಗೆ ರಾಡು ಹಾಕುತ್ತಿದ್ದರು.

"ಮ್ಯಾಲಿನವರು ಬರಕೊಡು ಅಂದಾರ, ಭಾಗ್ಯಾ. ಕಲಿಸಿದವರ ತಪ್ಪಾದ್ರ ಟೀಮ್ ತೆಗೀತಾರ. ಹುಡುಗಿ ತಪ್ಪಾದ್ರ ಹುಡುಗಿ ಬದಲಿ ಮಾಡಿದ್ರ ಸಾಕು. ಉಳಿದಿದ್ದೆಲ್ಲಾ ಅವರಿಗೆ ಭಾಳ ಹಿಡಿಸೈತಿ. ನಾ ಹೊರಗಿದ್ದೆ, ನೋಡಿಲ್ಲ. ನಡುವಿನಾಕಿ ತಾನಾಗೇ ಎದ್ಲು ಅಂತ ಎಲ್ಲಾರೂ ಹೇಳಾಕತ್ತಾರ. ಹೌದಿಲ್ಲೋ?"

ಕಾರಿಡಾರಿನ ಕೊನೆಯ ಬೆಂಚಿನಲ್ಲಿ ಗುರುದೇವಿ ಮುದುಡಿ ಕುಳಿತಿದ್ದಳು. ಭಾಗ್ಯಶ್ರೀ ಅವಳನ್ನು ನೋಡಿದಳು, ಕಾಗದ ನೋಡಿದಳು.

"ಹೌದ್ರಿ. ಎದ್ಲು" ಅಂದಳು.

ಸುಳ್ಳೇನೂ ಅಲ್ಲವಲ್ಲ. ಹುಡುಗಿ ಎದ್ದದ್ದು ನಿಜ. ಎದ್ದದ್ದು ಯಾಕೆ ಎಂದು ಯಾರೂ ಕೇಳಲಿಲ್ಲ, ಇವಳು ಹೇಳಲಿಲ್ಲ. ಆ ಹೊತ್ತಿಗೆ ಅವಳಿಗೆ ಅಪ್ಪನ ನೆನಪು ಕೂಡ ಬರಲಿಲ್ಲ, ಅಥವಾ ಬಂದದ್ದನ್ನು ಅವಳೇ ಹೊರಗೆ ನಿಲ್ಲಿಸಿದಳು. ಗುರುದೇವಿಯನ್ನು ಅದೇ ಸಂಜೆ ಮನೆಗೆ ಕಳಿಸಿದರು.

ಬದಲಿ ಹುಡುಗಿ ಬಂದಳು, ಅಭ್ಯಾಸ ನಡೆಯಿತು. ಏಳನೇ ದಿನ ಶಾಂತಕುಮಾರ ಪುಸ್ತಕದ ಪುಟದ ಫೋಟೋ ಕಳಿಸಿದ. ಆಟಗಾರರು, ತರಬೇತುದಾರರು, ವೈದ್ಯರು, ಎಲ್ಲರ ಕೆಳಗೆ ಸಣ್ಣ ಅಕ್ಷರದಲ್ಲಿ: ಕೊರಿಯೋಗ್ರಾಫರ್, ಭಾಗ್ಯಶ್ರೀ ಎಲ್. ಆ ಎಲ್ ಅಂದರೆ ಲಿಂಗಣ್ಣ. ಅವಳು ಆ ಪುಟವನ್ನು ಹಿಗ್ಗಿಸಿ ಹಿಗ್ಗಿಸಿ ನೋಡಿದಳು. ಎಷ್ಟೋ ವರ್ಷ ಕಾದದ್ದು ಕೈಗೆ ಬಂದಿತ್ತು, ತಟ್ಟೆಯ ಅನ್ನ ಮಾತ್ರ ಹಾಗೇ ಆರಿಹೋಯಿತು.

ಸುಗಲಮ್ಮ ನೆಲದ ಮೇಲೆ ಕುಳಿತು ಜೋಳ ಅಳೆಯುತ್ತಿದ್ದಳು. ಫೋನಿನ ಮೇಲೆ ಬೆರಳಾಡಿಸಿ, "ಇದು ನಿಂದ ಹೆಸರೇನು? ಚಂದ ಐತಿ" ಅಂದಳು. ಆಮೇಲೆ ಸೇರು ಕೈಯಲ್ಲಿ ಹಿಡಿದೇ ಕೇಳಿದಳು, "ಆ ನಮ್ಮ ಕಡೀ ಹುಡುಗಿ ಯಾಕ ಎದ್ಲು? ಗಟ್ಟಿ ಹುಡುಗಿ ಅಂತಿದ್ದಿ."

ಬೇರೆ ಯಾರಿಗೂ ಹೇಳದ್ದು ಅವ್ವನ ಮುಂದೆ ಹೊರಬಿತ್ತು. "ನಾ ಏಳು ಅಂದೆ, ಯವ್ವಾ."

ಸುಗಲಮ್ಮನ ಕೈ ಸೇರಿನ ಮೇಲೆ ನಿಂತಿತು. ಅವಳು ಬೈಯಲಿಲ್ಲ.

"ಏಳು ಅಂದಿ. ಎದ್ದಾಳ. ಮತ್ತ ಆಕಿನ ಯಾಕ ಮನಿಗೆ ಕಳಿಸಿದ್ರು?" ಎಂದು ಕೇಳಿದಳು. ಆಮೇಲೆ ಉಳಿದ ಜೋಳವನ್ನು ಅಳೆಯದೆ ಹಾಗೇ ಚೀಲದಿಂದ ಡಬ್ಬಿಗೆ ಸುರಿದುಬಿಟ್ಟಳು. ಜನ್ಮದಲ್ಲೇ ಅವಳು ಹಾಗೆ ಮಾಡಿರಲಿಲ್ಲ.

ಮರುದಿನ ಬೆಳಿಗ್ಗೆ ಭಾಗ್ಯಶ್ರೀ ಕೋಕಾಪೇಟೆಗೆ ಹೊರಟಳು. ಗುರುದೇವಿಯ ಹತ್ತಿರ ಉಳಿದಿದ್ದ ತಂಡದ ಉಡುಪು, ಬೂಟು ವಾಪಸು ತರಬೇಕು, ಅಷ್ಟೇ ಕೆಲಸ ಎಂದು ತನಗೆ ತಾನೇ ಹೇಳಿಕೊಂಡಿದ್ದಳು.

ಆವತ್ತೂ ಸ್ಲ್ಯಾಬಿತ್ತು. ಹೆಂಗಸರು ಏಣಿಯ ಬುಡದಲ್ಲಿ ಸೇರುತ್ತಿದ್ದರು. ಗುರುದೇವಿ ಮಾತ್ರ ಶೆಡ್ಡಿನ ಬಾಗಿಲಲ್ಲಿ ಮಂಡಿಗೆ ಗಲ್ಲ ಊರಿ ಕುಳಿತಿದ್ದಳು. ಎಂಟು ದಿನದಲ್ಲಿ ಆ ಅಗಲ ಭುಜಗಳು ಎಲ್ಲಿ ಹೋದವೋ ಎಂಬಷ್ಟು ಇಳಿದಿದ್ದಳು. ಉಡುಪನ್ನು ಒಗೆದು, ಮಡಿಚಿ, ಬೂಟನ್ನು ಒರೆಸಿ ಒಂದು ಚೀಲದಲ್ಲಿ ಸಿದ್ಧವಾಗಿ ಇಟ್ಟಿದ್ದಳು.

"ಕೆಲಸಕ್ಕ ಹೋಗಿಲ್ಲೇನು?" ಎಂದು ಭಾಗ್ಯಶ್ರೀ ಕೇಳಿದಳು.

ಉತ್ತರ ಕೊಟ್ಟದ್ದು ಗುರುಬಾಯಿ. "ಯಾರು ಕರೀತಾರ ತಂಗಿ? ಹೊತ್ತ ಹುಡುಗೀನ ಕೆಡವಿದಾಕಿ ಅಂತ ಸುದ್ದಿ ಆಗೈತಿ. ಈಕಿ ಕೈಯಿಂದ ಬುಟ್ಟಿ ತಗೊಳ್ಳಾಕ ಒಬ್ಬಾಕೀನೂ ಒಲ್ಲಳು. ಮ್ಯಾಲ ನಿಂತಾಕಿ ತಲಿ ಮ್ಯಾಲ ಬಿಟ್ರ ಯಾರು ಹೊಣಿ ಅಂತಾರ. ಮೇಸ್ತ್ರೀನೂ ಸಾಲಿನ್ಯಾಗ ನಿಂದ್ರಸವೊಲ್ಲ."

ಗುರುದೇವಿ ತಲೆ ಎತ್ತಿದಳು. "ತಪ್ಪು ನಂದೇ ಅಕ್ಕಾ. ಆದ್ರ ನಾ ಯಾಕ ಎದ್ನೋ ನನಗೇ ತಿಳಿವೊಲ್ದು. ದಿನಾ ಅದನ್ನ ಯೋಚನಿ ಮಾಡ್ತೀನಿ. ನನ್ನ ಮೈಯಾಗ ಏನೋ ಕೆಟ್ಟದ್ದು ಹೊಕ್ಕೈತೇನೋ ಅಂತ ಹೆದರಿಕಿ ಆಗತೈತಿ. ರೇಣುಕಾನ ಕೈ ನೆಟ್ಟಗಾಗತೈತಿಲ್ಲೋ?"

ಅಷ್ಟೂ ದಿನ ಭಾಗ್ಯಶ್ರೀ ಒಂದು ಮಾತನ್ನು ನಂಬಿಕೊಂಡು ಬದುಕಿದ್ದಳು, ಹುಡುಗಿಗೆ ಗೊತ್ತಿದೆ, ಗೊತ್ತಿದ್ದೂ ಹೇಳಿಲ್ಲ, ಅಂದಮೇಲೆ ಒಪ್ಪಿಕೊಂಡಿದ್ದಾಳೆ ಎಂದು. ಹುಡುಗಿಗೆ ಗೊತ್ತೇ ಇರಲಿಲ್ಲ. ತನ್ನ ಮೈಯನ್ನೇ ನಂಬದೆ ಎಂಟು ದಿನ ಬಾಗಿಲಲ್ಲಿ ಕುಳಿತಿದ್ದಳು. ಭಾಗ್ಯಶ್ರೀಗೆ ನಾಚಿಕೆಯಿಂದ ಅಲ್ಲಿ ನಿಲ್ಲಲಾಗಲಿಲ್ಲ. ಅವಳು ಹೋಗಿ ಏಣಿಯ ಬುಡದಲ್ಲಿದ್ದ ಹೆಂಗಸರ ನಡುವೆ ನಿಂತು ಶಾಂತಕುಮಾರನಿಗೆ ಫೋನು ಹಚ್ಚಿದಳು. ಎಲ್ಲರಿಗೂ ಕೇಳುವಂತೆ ಸ್ಪೀಕರ್ ಹಾಕಿದಳು.

"ಸರ್, ಗುರುದೇವಿ ತಾನಾಗೇ ಎದ್ದಿಲ್ಲರಿ. ಹಾಡು ನಿಂತಾಗ ನಾ ಕನ್ನಡದಾಗ ಎಣಿಸಿದೆ. ಏಳು ಅಂತ ಒದರಿದೆ. ಏಳು ಅಂದಿದ್ದು ಕೇಳಿ ಹುಡುಗಿ ಎದ್ಲು. ತಪ್ಪು ನಂದು. ಹಂಗ ಬರೀರಿ."

ಬೀದರದವನಿಗೆ ಏಳು ಅಂದರೆ ಏನೆಂದು ಬಿಡಿಸಿ ಹೇಳಬೇಕಿರಲಿಲ್ಲ.

"ಭಾಗ್ಯಾ, ತಲಿ ಕೆಟ್ಟೈತೇನು? ಪುಸ್ತಕ ಪ್ರಿಂಟಿಗೆ ಹೊಂಟೈತಿ. ಹೆಸರು ತೆಗೀಬೇಕಾಗತೈತಿ."

"ತೆಗೀರಿ."

"ಆಮ್ಯಾಲ ಮತ್ತ ಯಾರೂ ಕರಿಯಂಗಿಲ್ಲ ನಿನ್ನ."

"ಗೊತ್ತೈತ್ರಿ" ಎಂದು ಫೋನು ಇಟ್ಟಳು.

ಹೆಂಗಸರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಒಬ್ಬ ಮುದುಕಿ, "ಅಯ್ಯ, ಏಳು ಅಂದ್ರ ಯಾರಾದ್ರೂ ಏಳೋರೇ" ಅಂದಳು. ಯಾರೋ ಮೇಸ್ತ್ರಿಯನ್ನು ಕರೆದು ಹೇಳಿದರು. ಅವನು ಕತ್ತು ಕೆರೆದುಕೊಂಡು, ಸಾಲಿನಲ್ಲಿ ಒಬ್ಬರ ಜಾಗ ಖಾಲಿ ಇದೆ, ಬರುವುದಾದರೆ ಬೇಗ ಬರಲಿ ಎಂದ. ಭಾಗ್ಯಶ್ರೀ ಶೆಡ್ಡಿನ ಬಾಗಿಲಿಗೆ ಮರಳಿ ಬಂದಳು. ಗುರುಬಾಯಿ ಸೆರಗಿನಿಂದ ಬಾಯಿ ಮುಚ್ಚಿಕೊಂಡು ನಿಂತಿದ್ದಳು. ಗುರುದೇವಿಯ ಕಣ್ಣಲ್ಲಿ ನೀರಿರಲಿಲ್ಲ. ಅವಳು ಒಂದೇ ಮಾತು ಕೇಳಿದಳು.

"ಮತ್ತ ಎಂಟು ದಿನ ಯಾಕ ಸುಮ್ಮನಿದ್ದಿ ಅಕ್ಕಾ?"

ಏನು ಹೇಳಬೇಕು? ಹೆಸರಿನ ಆಸೆಗೆ ಎನ್ನಬೇಕೆ, ಹೆದರಿಕೆಗೆ ಎನ್ನಬೇಕೆ? ಅಪ್ಪ ಟಿವಿಯ ಮುಂದೆ ನಿಂತು "ಅಲ್ಲರಿ ಬಾಯಾರ" ಅಂದಾಗ ಅವನ ಗಂಟಲಲ್ಲಿ ಏನಿತ್ತೋ ಅದೇ ಈಗ ಅವಳ ಗಂಟಲಲ್ಲೂ ಇತ್ತು. ಆದರೆ ಅದನ್ನು ಹೇಳಿ ಈ ಹುಡುಗಿಯಿಂದ ಕ್ಷಮೆ ಕೇಳುವ ಮುಖ ಅವಳಿಗಿರಲಿಲ್ಲ.

ಏಣಿಯ ಕಡೆಯಿಂದ ಮೇಸ್ತ್ರಿ ಮತ್ತೆ ಕೂಗಿದ. ಕಾಂಕ್ರೀಟ್ ಕಲಸುವ ಯಂತ್ರ ತಿರುಗತೊಡಗಿತ್ತು. "ಏಳ ಮಗಳ, ಕರಿಯಾಕತ್ತಾರ" ಎಂದು ಗುರುಬಾಯಿ ಅಂದಳು. ಗುರುದೇವಿ ಏಳಲಿಲ್ಲ. ಎರಡು ಅಂಗೈಗಳನ್ನು ನೆಲಕ್ಕೆ ಊರಿ, ಬೆನ್ನು ಬಾಗಿಸಿ, ಗೋಪುರದ ತಳದಲ್ಲಿ ಇರುತ್ತಿದ್ದಳಲ್ಲ, ಹಾಗೇ ಬಿಗಿಯಾಗಿ ಕುಳಿತಳು. ಅವ್ವ ಮತ್ತೊಮ್ಮೆ ಕರೆದಳು. ಆ ಮಾತು ಕಿವಿಗೆ ಬಿದ್ದಾಗ ಹುಡುಗಿಯ ಭುಜ ಒಮ್ಮೆ ನಡುಗಿತು, ಮೈ ಮಾತ್ರ ಕದಲಲಿಲ್ಲ.

ಭಾಗ್ಯಶ್ರೀ ಮಂಡಿನೋವಿಗೆ ಹಲ್ಲು ಕಚ್ಚಿ ಅವಳ ಮುಂದೆ ನೆಲದ ಮೇಲೆ ಕುಳಿತಳು. ಉಡುಪಿನ ಚೀಲವನ್ನು ಪಕ್ಕಕ್ಕೆ ಸರಿಸಿದಳು.

"ಏಳವ್ವಾ, ಗುರುದೇವಿ" ಅಂದಳು. "ನಿನ್ನ ಮ್ಯಾಲ ಈಗ ಯಾರೂ ನಿಂತಿಲ್ಲ."